ಅಂಗಳದ ಹೂಗಿಡಗಳಿಗೆ ಗೊಬ್ಬರ: ಕಾಸರಗೋಡಿನ ಮನೆಗಳಿಂದ ಪದೇ ಪದೇ ಬರುವ ಪ್ರಶ್ನೆಗಳು

ಮಂಜೇಶ್ವರದಿಂದ ಮುಳ್ಳೇರಿಯದವರೆಗೆ ಅಂಗಳದಲ್ಲಿ ಹೂಗಿಡ ಬೆಳೆಸುವವರು ಮದುವೆ ಮನೆಯ ಮಾತುಕತೆಯಲ್ಲಿ, ದೂರವಾಣಿಯಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಕೇಳಿದ ಪ್ರಶ್ನೆಗಳನ್ನು ಅವರವರ ಮಾತಿನಲ್ಲೇ ಇಲ್ಲಿ ಕೊಟ್ಟಿದೆ. ತೋಟಗಾರಿಕೆಯ ಪುಸ್ತಕಗಳೂ ಗೊಬ್ಬರದ ಚೀಲಗಳೂ ಹೇಳುವ ಲೆಕ್ಕ ಹೆಚ್ಚಾಗಿ ಬಯಲುಸೀಮೆಯ ಮಣ್ಣಿನದು. ವರ್ಷಕ್ಕೆ ಸುಮಾರು 3,500 ಮಿ.ಮೀ. ಮಳೆ ಬಿದ್ದು, ಅದರ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ ಸುರಿದು ಮುಗಿಯುವ ನಮ್ಮ ಹುಳಿ ಮಣ್ಣಿಗೆ ಆ ಲೆಕ್ಕವನ್ನು ಹಾಗೆಯೇ ಅನ್ವಯಿಸಲು ಬರುವುದಿಲ್ಲ. ಇಲ್ಲಿ ಯಾವ ಗೊಬ್ಬರ ಎನ್ನುವುದಕ್ಕಿಂತ ಯಾವಾಗ, ಎಷ್ಟೆಷ್ಟು ಎನ್ನುವುದು ಮುಖ್ಯ. ಕೆಳಗಿನ ಉತ್ತರಗಳನ್ನು ಈ ದೃಷ್ಟಿಯಿಂದಲೇ ಬರೆಯಲಾಗಿದೆ.

## ನೆಡುವ ಮೊದಲು

ಒಮ್ಮೆ ನೆಟ್ಟರೆ ಹಲವು ವರ್ಷ ಹೂ ಕೊಡುವ ಗಿಡಗಳಲ್ಲಿ ನಮ್ಮ ಊರಿಗೆ ಯಾವುದು ಒಗ್ಗುತ್ತದೆ?

ಹೆಚ್ಚು ಆರೈಕೆ ಕೇಳದೆ ಬದುಕುವವು ಕೇಪಳ (ಇಕ್ಸೋರ), ನಂದಿಬಟ್ಟಲು, ಪಾರಿಜಾತ, ಸಂಪಿಗೆ ಮತ್ತು ಊರಿನ ಕೆಂಪು ಒಂಟಿ ಎಸಳಿನ ದಾಸವಾಳ. ಮಲ್ಲಿಗೆ, ಜಾಜಿ, ಅಬ್ಬಲಿಗೆ (ಕನಕಾಂಬರ) ಸ್ವಲ್ಪ ಗಮನ ಬೇಡುತ್ತವೆ, ಆದರೆ ಕೊಟ್ಟದ್ದಕ್ಕೆ ಸರಿಯಾಗಿ ಹೂ ಕೊಡುತ್ತವೆ. ಗುಲಾಬಿಯೂ ಕಸಿ ಮಾಡಿದ ದೊಡ್ಡ ಹೂವಿನ ದಾಸವಾಳವೂ ನಮ್ಮ ಮಳೆಗಾಲವನ್ನು ಕಷ್ಟಪಟ್ಟು ದಾಟುತ್ತವೆ. ಹೊಸದಾಗಿ ಶುರು ಮಾಡುವವರು ಮೊದಲ ಗುಂಪಿನಿಂದ ಎರಡು ಮೂರು, ಎರಡನೆಯದರಿಂದ ಒಂದು ಆರಿಸಿಕೊಂಡರೆ ಸಾಕು. ಸಂಪಿಗೆಯ ಮಟ್ಟಿಗೆ ಬೀಜದ ಗಿಡ ಬೇಡ. ಅದು ಹೂ ಬಿಡಲು ಎಂಟು ಹತ್ತು ವರ್ಷ ಕಾಯಿಸುತ್ತದೆ, ಕಸಿ ಗಿಡ ಎರಡು ಮೂರು ವರ್ಷಗಳಲ್ಲೇ ಹೂ ತೋರಿಸುತ್ತದೆ.

ನಮ್ಮದು ಮುರಕಲ್ಲಿನ (ಜಂಬಿಟ್ಟಿಗೆಯ) ಜಾಗ, ಒಂದಡಿ ತೋಡಿದರೆ ಕಲ್ಲೇ ಸಿಗುತ್ತದೆ. ಅದರಲ್ಲಿ ಹೂಗಿಡ ಆದೀತೇ?

ಆಗುತ್ತದೆ, ಆದರೆ ಗುಂಡಿ ತೋಡುವ ಕ್ರಮದಲ್ಲಿ ಎಚ್ಚರ ಬೇಕು. ಕಲ್ಲನ್ನು ಕಡಿದು ಎರಡಡಿ ಉದ್ದ, ಅಗಲ, ಆಳದ ಗುಂಡಿ ಮಾಡಿ ಅದರಲ್ಲಿ ಒಳ್ಳೆಯ ಮಣ್ಣು ತುಂಬಿದರೆ ಸಾಕೆಂದು ಅನೇಕರು ಭಾವಿಸುತ್ತಾರೆ. ಸುತ್ತಲೂ ಗಟ್ಟಿ ಕಲ್ಲಿದ್ದಾಗ ಆ ಗುಂಡಿ ಆಷಾಢದ ಮಳೆಗೆ ನೀರು ತುಂಬಿದ ಮರಿಗೆಯಾಗಿ ಬೇರು ಕೊಳೆಯುತ್ತದೆ. ತೋಡಿದ ಗುಂಡಿಗೆ ನಾಲ್ಕು ಕೊಡ ನೀರು ಹೊಯ್ದು ನೋಡಬೇಕು. ಮರುದಿನವೂ ನೀರು ನಿಂತಿದ್ದರೆ ಇಳಿಜಾರಿನ ಕಡೆಗೆ ಗುಂಡಿಯ ತಳಮಟ್ಟದಿಂದ ಒಂದು ಸಣ್ಣ ಕಾಲುವೆ ಕಡಿದು ಹೊರಕ್ಕೆ ಬಿಡಬೇಕು. ಅದು ಸಾಧ್ಯವಿಲ್ಲದ ಕಡೆ ಗುಂಡಿಯ ಗೊಡವೆಯೇ ಬೇಡ. ನೆಲದ ಮೇಲೆ ಮುರಕಲ್ಲಿನ ತುಂಡುಗಳ ಕಟ್ಟೆ ಕಟ್ಟಿ, ಒಂದೂವರೆ ಅಡಿ ಎತ್ತರಕ್ಕೆ ಮೇಲ್ಮಣ್ಣು, ಸುಡುಮಣ್ಣು (ಕಸಕಡ್ಡಿಯೊಂದಿಗೆ ಸುಟ್ಟ ಮಣ್ಣು) ಮತ್ತು ಹಳೆಯ ಹಟ್ಟಿಗೊಬ್ಬರ (ಕೊಟ್ಟಿಗೆ ಗೊಬ್ಬರ) ಬೆರೆಸಿ ತುಂಬಿ ಅದರಲ್ಲಿ ನೆಡುವುದು ಉತ್ತಮ. ಕುಂಬಳೆ, ಉಪ್ಪಳ, ಬೇಕಲದಂತಹ ಕಡಲ ಬದಿಯ ಹೊಯಿಗೆ (ಮರಳು) ಮಣ್ಣಿನವರಿಗೆ ನೀರು ನಿಲ್ಲುವ ಚಿಂತೆ ಇಲ್ಲ. ಅವರು ಗುಂಡಿಯ ತಳಕ್ಕೆ ತೆಂಗಿನ ಸಿಪ್ಪೆಯನ್ನು ನಾರು ಮೇಲಾಗಿ ಎರಡು ಸಾಲು ಜೋಡಿಸಿದರೆ ಸೆಕೆಗಾಲದಲ್ಲಿ ತೇವ ಉಳಿಯುತ್ತದೆ.

ನೆಡುವಾಗಲೇ ಗುಂಡಿಗೆ ಗೊಬ್ಬರ ತುಂಬಿಸಬಹುದೇ?

ಪೂರ್ತಿ ಕಳಿತ ಹಟ್ಟಿಗೊಬ್ಬರ ಎರಡು ಮೂರು ಬುಟ್ಟಿ, ಬೇವಿನ ಹಿಂಡಿ ನೂರು ಗ್ರಾಂ, ಎಲುಬಿನ ಹುಡಿ ಅಥವಾ ಶಿಲಾರಂಜಕ (ರಾಕ್ ಫಾಸ್ಫೇಟ್) ನೂರು ಗ್ರಾಂ ಧಾರಾಳವಾಯಿತು. ಹಸಿ ಸೆಗಣಿ, ಯೂರಿಯಾ, ಕಡಲೆ ಹಿಂಡಿ ಗುಂಡಿಗೆ ಬೇಡ. ಎಳೆಬೇರು ಸುಡುತ್ತದೆ, ಹಿಂಡಿಯ ವಾಸನೆಗೆ ಇರುವೆ ಗೆದ್ದಲು ಬರುತ್ತವೆ. ನೆಡಲು ಜೂನ್‌ನ ಮೊದಲ ಮಳೆ ಅಥವಾ ಆಗಸ್ಟ್ ಕೊನೆಯ ಬಿಡುವು ಒಳ್ಳೆಯದು. ಜುಲೈ ಜಡಿಮಳೆಯಲ್ಲಿ ನೆಟ್ಟ ಗಿಡ ಸುಮ್ಮನೆ ಕೊರಗುತ್ತದೆ.

## ಗೊಬ್ಬರ: ಯಾವುದು, ಯಾವಾಗ, ಎಷ್ಟು

ಗೊಬ್ಬರದ ಚೀಲದ ಮೇಲೆ 19:19:19, 10:26:26 ಎಂದೆಲ್ಲ ಬರೆದಿರುತ್ತದೆ. ಇದೇನು?

ಮೊದಲ ಸಂಖ್ಯೆ ಸಾರಜನಕ, ಎರಡನೆಯದು ರಂಜಕ, ಮೂರನೆಯದು ಪೊಟ್ಯಾಶ್. ನೂರು ಕಿಲೋ ಗೊಬ್ಬರದಲ್ಲಿ ಒಂದೊಂದು ಎಷ್ಟಿದೆ ಎಂಬ ಲೆಕ್ಕ. ಸಾರಜನಕ ಎಲೆ ಮತ್ತು ಚಿಗುರಿಗೆ, ರಂಜಕ ಬೇರಿಗೆ, ಪೊಟ್ಯಾಶ್ ಹೂವಿನ ಗುಣಕ್ಕೂ ಗಿಡದ ತಾಳಿಕೆಗೂ ಬೇಕು. ನಮ್ಮ ಕೆಂಪು ಮಣ್ಣಿನಲ್ಲಿ ಕಬ್ಬಿಣ ಮತ್ತು ಅಲ್ಯೂಮಿನಿಯಂ ಹೇರಳವಾಗಿ ಇರುವುದರಿಂದ ಹಾಕಿದ ರಂಜಕದ ಬಹುಪಾಲನ್ನು ಅವು ಹಿಡಿದಿಟ್ಟುಕೊಳ್ಳುತ್ತವೆ. ಸಾರಜನಕ ಮತ್ತು ಪೊಟ್ಯಾಶ್ ಮಳೆ ನೀರಿನೊಂದಿಗೆ ತೋಡಿಗೆ ಹರಿದು ಹೋಗುತ್ತವೆ. ಒಂದು ಸಿಕ್ಕಿಬೀಳುತ್ತದೆ, ಎರಡು ಕೊಚ್ಚಿಹೋಗುತ್ತವೆ. ಎರಡಕ್ಕೂ ಪರಿಹಾರ ಮಣ್ಣಿನಲ್ಲಿ ಸಾವಯವ ಅಂಶವನ್ನು ಹೆಚ್ಚಿಸುವುದೇ ಆಗಿದೆ.

ವರ್ಷಕ್ಕೆ ಎಷ್ಟು ಸಲ ಗೊಬ್ಬರ ಹಾಕಬೇಕು? ಒಂದೇ ಸಲ ಹಾಕಿಬಿಟ್ಟರೆ ಆಗದೇ?

ಆಗುವುದಿಲ್ಲ. ಅಡಿಕೆ ತೋಟಕ್ಕೆ ವರ್ಷಕ್ಕೊಮ್ಮೆ ಸೊಪ್ಪು, ಗೊಬ್ಬರ ಹಾಕಿ ಅಭ್ಯಾಸವಾದವರು ಹೂಗಿಡಕ್ಕೂ ಅದನ್ನೇ ಮಾಡುತ್ತಾರೆ. ಅಡಿಕೆ ಮರದ ಬೇರುಹಾಸು ದೊಡ್ಡದು, ತೋಟದ ನೆಲ ಸೊಪ್ಪು ಹೊದಿಕೆಯಿಂದ ಮೆತ್ತಗಿರುತ್ತದೆ. ಅಂಗಳದ ಬದಿಯ ಗಿಡಕ್ಕೆ ಈ ಎರಡೂ ಅನುಕೂಲ ಇಲ್ಲ.

ವರ್ಷವನ್ನು ಮಳೆಯ ಲೆಕ್ಕದಲ್ಲಿ ಹಂಚಿಕೊಳ್ಳುವುದು ಸರಿ. ಪತ್ತನಾಜೆಯ ಹೊತ್ತಿಗೆ, ಮೇ ಕೊನೆಯಲ್ಲಿ ಒಂದೆರಡು ಮಳೆ ಬಿದ್ದು ಮಣ್ಣು ತೇವವಾದಾಗ, ಸುಣ್ಣ ಬೇಕಾದ ಗಿಡಗಳಿಗೆ ಸುಣ್ಣ ಕೊಡಬೇಕು. ಜೂನ್ ಮತ್ತು ಜುಲೈಯಲ್ಲಿ ನೀರಿನಲ್ಲಿ ಕರಗುವ ಯಾವ ಗೊಬ್ಬರವೂ ಬೇಡ. ಗೊಬ್ಬರದ ಗಿಡದ (ಗ್ಲಿರಿಸಿಡಿಯಾ) ಸೊಪ್ಪನ್ನೋ ಒಣ ತರಗೆಲೆಯನ್ನೋ ಬುಡಕ್ಕೆ ಹೊದಿಸಿ ಮಣ್ಣು ಕೊಚ್ಚದಂತೆ ನೋಡಿಕೊಂಡರೆ ಸಾಕು. ಸೋಣ ತಿಂಗಳ ಎಳೆಬಿಸಿಲು ಕಾಣಿಸಿಕೊಂಡ ಮೇಲೆ, ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್ ನಡುವೆ, ಬುಡದ ಕಳೆ ಕಿತ್ತು ಹಟ್ಟಿಗೊಬ್ಬರವನ್ನೂ ಶಿಲಾರಂಜಕವನ್ನೂ ಕೊಡಬೇಕು. ಸುಣ್ಣ ಮತ್ತು ಶಿಲಾರಂಜಕವನ್ನು ಒಟ್ಟಿಗೆ ಕೊಡಬಾರದು, ಏಕೆಂದರೆ ಶಿಲಾರಂಜಕ ಕರಗುವುದೇ ಮಣ್ಣಿನ ಹುಳಿಯಿಂದ. ಅಕ್ಟೋಬರ್ ಕೊನೆಯಿಂದ ನವೆಂಬರ್ ವರೆಗೆ, ಹಿಂಗಾರು ಇಳಿಮುಖವಾಗಿ ಗಿಡ ಸವರುವ (ಗೆಲ್ಲು ಕತ್ತರಿಸುವ) ಹೊತ್ತಿಗೆ, ವರ್ಷದ ಮುಖ್ಯ ಗೊಬ್ಬರ. ಅಲ್ಲಿಂದ ಮಾರ್ಚ್ ತನಕ ತಿಂಗಳಿಗೊಮ್ಮೆ ಸ್ವಲ್ಪ ಸ್ವಲ್ಪ, ನೀರಿನ ರೂಪದಲ್ಲಾದರೆ ಒಳ್ಳೆಯದು. ಎಪ್ರಿಲ್, ಮೇ ತಿಂಗಳ ಬಿಸಿಲಿನಲ್ಲಿ ದಿನಾ ನೀರು ಹಾಕಲು ಸಾಧ್ಯವಿರುವವರು ಮಾತ್ರ ಇದನ್ನು ಮುಂದುವರಿಸಬೇಕು. ಬಾವಿ ತಳ ಕಂಡವರು ಗೊಬ್ಬರ ನಿಲ್ಲಿಸಿ, ಇರುವ ನೀರನ್ನು ಗಿಡ ಉಳಿಸಿಕೊಳ್ಳಲು ಬಳಸುವುದು ಜಾಣತನ.

ಹಟ್ಟಿಗೊಬ್ಬರ, ಗೋಬರ್ ಗ್ಯಾಸಿನ ಸ್ಲರಿ ಎಲ್ಲ ಧಾರಾಳ ಹಾಕುತ್ತೇವೆ. ಗಿಡ ಸೊಕ್ಕಿ ಬೆಳೆದಿದೆ, ಹೂ ಮಾತ್ರ ಇಲ್ಲ. ಏಕೆ?

ಮೊದಲು ಬಿಸಿಲನ್ನು ನೋಡಿ. ಮಲ್ಲಿಗೆ, ಗುಲಾಬಿ, ದಾಸವಾಳಗಳಿಗೆ ದಿನಕ್ಕೆ ಐದಾರು ಗಂಟೆ ನೇರ ಬಿಸಿಲು ಬೇಕು. ಅಡಿಕೆ ತೋಟದ ಅಂಚಿನಲ್ಲಿ, ಹಲಸಿನ ನೆರಳಿನಲ್ಲಿ ಎಷ್ಟು ಗೊಬ್ಬರ ಹಾಕಿದರೂ ಎಲೆ ಮಾತ್ರ ಬರುತ್ತದೆ. ಬಿಸಿಲು ಸಾಕಷ್ಟಿದ್ದೂ ಹೂ ಇಲ್ಲವೆಂದಾದರೆ ಸಾರಜನಕ ಹೆಚ್ಚಾಗಿದೆ ಎಂದರ್ಥ. ಸ್ಲರಿಯಲ್ಲಿರುವ ಸಾರಜನಕ ಗಿಡಕ್ಕೆ ಬೇಗ ಸಿಗುವಂತಹದು, ಹಟ್ಟಿ ತೊಳೆದ ನೀರೂ ಹಾಗೆಯೇ. ಎರಡು ತಿಂಗಳು ಸ್ಲರಿ ನಿಲ್ಲಿಸಿ, ಸೊಕ್ಕಿದ ಗೆಲ್ಲುಗಳ ತುದಿ ಚಿವುಟಿ, ಬುಡಕ್ಕೆ ಒಂದು ಹಿಡಿ ಬೂದಿಯನ್ನೋ 25 ಗ್ರಾಂ ಪೊಟ್ಯಾಶನ್ನೋ ಕೊಟ್ಟು ನೀರು ಸ್ವಲ್ಪ ಕಡಿಮೆ ಮಾಡಿದರೆ ಗಿಡ ಮೊಗ್ಗಿಗೆ ತಿರುಗುತ್ತದೆ.

ಒಲೆಬೂದಿ ಎಷ್ಟು ಹಾಕಬಹುದು? ಬಚ್ಚಲೊಲೆಯದು ರಾಶಿ ಇದೆ.

ಬೂದಿಯಲ್ಲಿ ಪೊಟ್ಯಾಶ್ ಇದೆ, ಸುಣ್ಣದ ಅಂಶವೂ ಇದೆ, ಆದ್ದರಿಂದ ಹುಳಿ ಮಣ್ಣಿಗೆ ಅದು ಎರಡು ವಿಧದಲ್ಲಿ ಉಪಕಾರಿ. ಬೆಳೆದ ಗಿಡಕ್ಕೆ ಎರಡು ತಿಂಗಳಿಗೊಮ್ಮೆ ಎರಡು ಹಿಡಿ ಸಾಕು. ಬುಡಕ್ಕೆ ತಾಗಿಸದೆ ಒಂದಡಿ ದೂರದಲ್ಲಿ ಉದುರಿಸಿ ಮಣ್ಣು ಕೆದಕಿ ಬೆರೆಸಬೇಕು. ಬೂದಿಯನ್ನು ಗೋಮೂತ್ರ, ಯೂರಿಯಾ ಅಥವಾ ಹಸಿ ಸೆಗಣಿಯೊಂದಿಗೆ ಬೆರೆಸಿದರೆ ಸಾರಜನಕ ಅಮೋನಿಯಾ ಆಗಿ ಗಾಳಿಗೆ ಹೋಗುತ್ತದೆ. ಮೂಗಿಗೆ ಬಡಿಯುವ ಆ ಘಾಟು ನೀವು ಕಳೆದುಕೊಳ್ಳುತ್ತಿರುವ ಗೊಬ್ಬರದ್ದೇ. ಎರಡರ ನಡುವೆ ಹದಿನೈದು ದಿನದ ಅಂತರವಿರಲಿ. ಮಳೆಗೆ ನೆನೆದ ಬೂದಿಯಲ್ಲಿ ಪೊಟ್ಯಾಶ್ ಹೆಚ್ಚೇನೂ ಉಳಿದಿರುವುದಿಲ್ಲ, ಒಣ ಜಾಗದಲ್ಲಿ ಡಬ್ಬಿ ತುಂಬಿಡಿ.

ಸುಣ್ಣ ಎಲ್ಲ ಗಿಡಗಳಿಗೂ ಹಾಕಬೇಕೇ?

ಇಲ್ಲ. ಮಲ್ಲಿಗೆ, ಗುಲಾಬಿ, ಅಬ್ಬಲಿಗೆ, ದಾಸವಾಳಗಳಿಗೆ ಬೇಕು. ಕೇಪಳ ಹುಳಿ ಮಣ್ಣನ್ನೇ ಇಷ್ಟಪಡುವ ಗಿಡ, ಅದಕ್ಕೆ ಬೇಡ. ಒಂದು ಸೆಂಟ್ಸ್ (ಸುಮಾರು 40 ಚದರ ಮೀಟರ್) ಜಾಗಕ್ಕೆ 2ರಿಂದ 3 ಕೆ.ಜಿ., ಅಂದರೆ ಒಂದು ಗಿಡದ ಸುತ್ತ ಒಂದು ಚದರ ಮೀಟರ್ ಜಾಗಕ್ಕೆ 50ರಿಂದ 75 ಗ್ರಾಂ ಅರಳಿದ ಸುಣ್ಣದ ಹುಡಿ ಹಾಕಬಹುದು. ಚಿಪ್ಪಿಸುಣ್ಣ ಆದೀತು, ಡೋಲಮೈಟ್ ಆದರೆ ಮೆಗ್ನೀಷಿಯಂ ಕೂಡ ಸಿಗುವುದರಿಂದ ಇನ್ನೂ ಒಳ್ಳೆಯದು. ಸುಣ್ಣ ಹಾಕಿ ಎರಡು ಮೂರು ವಾರ ಕಳೆದ ಮೇಲೆಯೇ ಬೇರೆ ಗೊಬ್ಬರ ಕೊಡಬೇಕು.

ಕಡಲೆ ಹಿಂಡಿ ನೆನೆಸಿದ ನೀರು ಹಾಕಿದರೆ ಹೂ ಜಾಸ್ತಿ ಬರುತ್ತದೆ ಎನ್ನುತ್ತಾರೆ, ನಿಜವೇ?

ನಿಜ, ತೆಳುಮಾಡಿ ಹಾಕಿದರೆ. ಒಂದು ಕಿಲೋ ನೆಲಗಡಲೆ ಹಿಂಡಿಯನ್ನು ಹತ್ತು ಲೀಟರ್ ನೀರಿನಲ್ಲಿ, ಬೇಕಾದರೆ ಒಂದು ಕಿಲೋ ಹಸಿ ಸೆಗಣಿಯನ್ನೂ ಬೆರೆಸಿ, ನೆರಳಿನಲ್ಲಿ ನಾಲ್ಕೈದು ದಿನ ಮುಚ್ಚಿಟ್ಟು ದಿನಕ್ಕೊಮ್ಮೆ ಕೋಲಿನಿಂದ ಕಲಕಬೇಕು. ಮೇಲೆ ನೊರೆ ಎದ್ದು ಇಳಿದ ಮೇಲೆ ತಿಳಿಯನ್ನು ತೆಗೆದು, ಒಂದಕ್ಕೆ ಹತ್ತು ಪಾಲು ನೀರು ಸೇರಿಸಿ ಗಿಡವೊಂದಕ್ಕೆ ಒಂದು ಲೀಟರಿನಂತೆ ಸಂಜೆ ಹೊತ್ತು ಹೊಯ್ಯಬೇಕು. ಒಣಗಿದ ಮಣ್ಣಿಗೆ ನೇರವಾಗಿ ಹೊಯ್ಯದೆ ಮೊದಲು ಬರಿ ನೀರು ಹಾಕಿಕೊಳ್ಳಬೇಕು. ತಿಂಗಳಿಗೊಮ್ಮೆ ಸಾಕು. ಮಳೆಗಾಲದಲ್ಲಿ ಇದು ಬುಡದಲ್ಲಿ ಶಿಲೀಂಧ್ರಕ್ಕೆ ಊಟ ಹಾಕಿದಂತಾಗುವುದರಿಂದ ಬೇಡ.

ಅಡಿಕೆ ಸಿಪ್ಪೆ, ತೆಂಗಿನ ನಾರಿನ ಹುಡಿ ಬುಡಕ್ಕೆ ಹಾಕಿದ ಮೇಲೆ ಗಿಡ ಹಳದಿಯಾಯಿತು. ಏನಾಗಿದೆ?

ಹಸಿ ನಾರಿನ ಹುಡಿಯಲ್ಲಿ ಸಾರಜನಕದ ನೂರು ಪಾಲಿಗಿಂತಲೂ ಹೆಚ್ಚು ಇಂಗಾಲ ಇರುತ್ತದೆ. ಅದನ್ನು ಕರಗಿಸುವ ಸೂಕ್ಷ್ಮಜೀವಿಗಳು ತಮಗೆ ಬೇಕಾದ ಸಾರಜನಕವನ್ನು ಸುತ್ತಲಿನ ಮಣ್ಣಿನಿಂದ ಎಳೆದುಕೊಳ್ಳುವುದರಿಂದ ಗಿಡಕ್ಕೆ ತಾತ್ಕಾಲಿಕ ಕೊರತೆ ಉಂಟಾಗುತ್ತದೆ. ಅಡಿಕೆ ಸಿಪ್ಪೆಯದೂ ಅದೇ ಕಥೆ. ಇವನ್ನು ಮಣ್ಣಿಗೆ ಬೆರೆಸದೆ ಮೇಲೆ ಹೊದಿಕೆಯಾಗಿ ಹಾಕಿದರೆ ತೊಂದರೆ ಇಲ್ಲ. ಬೆರೆಸಬೇಕಾದರೆ ಸೆಗಣಿ ನೀರು ಚಿಮುಕಿಸುತ್ತ ಕೊಳೆಯಿಸಿಯೇ ಬೆರೆಸಬೇಕು. ಈಗ ಹಳದಿಯಾಗಿರುವ ಗಿಡಕ್ಕೆ ತೆಳು ಸ್ಲರಿ ಎರಡು ಸಲ ಕೊಟ್ಟರೆ ಸರಿಹೋಗುತ್ತದೆ. ತೆಂಗಿನ ಗರಿ ಹೇರಳವಾಗಿರುವ ಮನೆಯವರು ಎರೆಗೊಬ್ಬರ ಮಾಡಿಕೊಳ್ಳುವುದು ಎಲ್ಲಕ್ಕಿಂತ ಮೇಲು. ಕಾಸರಗೋಡಿನ ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆಯವರು, ನಾವೆಲ್ಲ ಸಿಪಿಸಿಆರ್‌ಐ ಎನ್ನುವವರು, ಗಟ್ಟಿಯಾದ ತೆಂಗಿನ ಗರಿಯನ್ನೂ ತಿಂದು ಗೊಬ್ಬರ ಮಾಡುವ ಯೂಡ್ರಿಲಸ್ ಜಾತಿಯ ಸ್ಥಳೀಯ ಎರೆಹುಳವನ್ನು ಗುರುತಿಸಿ ಅದರ ವಿಧಾನವನ್ನು ರೂಪಿಸಿದ್ದಾರೆ.

ಮೊಟ್ಟೆ ಚಿಪ್ಪು, ಬಾಳೆಹಣ್ಣಿನ ಸಿಪ್ಪೆ, ಚಹಾದ ಚರಟ ಹಾಕಬಹುದೇ?

ಹಾಕಬಹುದು, ಅವುಗಳಿಂದಲೇ ಗಿಡ ಹೂ ಬಿಡುತ್ತದೆ ಎಂದು ನಂಬಬಾರದು. ಮೊಟ್ಟೆ ಚಿಪ್ಪನ್ನು ನುಣ್ಣಗೆ ಹುಡಿ ಮಾಡಿದರೆ ನಿಧಾನ ಸುಣ್ಣವಾಗಿ ಕೆಲಸ ಮಾಡುತ್ತದೆ. ಉಳಿದೆರಡನ್ನು ಗೊಬ್ಬರದ ಗುಂಡಿಗೆ ಹಾಕುವುದೇ ಸರಿ.

ಎಂಡೋಸಲ್ಫಾನಿನ ಅನುಭವ ಆದ ಮೇಲೆ ಚೀಲದ ಗೊಬ್ಬರ ಎಂದರೆ ಹೆದರಿಕೆ. ರಾಸಾಯನಿಕ ಗೊಬ್ಬರ ಮುಟ್ಟಲೇಬಾರದೇ?

ಈ ಹೆದರಿಕೆಯನ್ನು ಯಾರೂ ಹಗುರವಾಗಿ ಕಾಣಬಾರದು. ನಮ್ಮ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎರಡು ದಶಕಗಳ ಕಾಲ ಸುರಿದ ಆ ವಿಷದ ಫಲವನ್ನು ಎಣ್ಮಕಜೆ, ಬೆಳ್ಳೂರು, ಕುಂಬ್ಡಾಜೆಯಂತಹ ಊರುಗಳ ಮನೆಗಳು ಇಂದಿಗೂ ಉಣ್ಣುತ್ತಿವೆ; ಸುಪ್ರೀಂ ಕೋರ್ಟು ಅದರ ತಯಾರಿ, ಮಾರಾಟ ಮತ್ತು ಬಳಕೆಯನ್ನು ದೇಶದಾದ್ಯಂತ ತಡೆದದ್ದು 2011ರ ಮೇ ತಿಂಗಳಲ್ಲಿ. ಆದರೆ ಎಂಡೋಸಲ್ಫಾನ್ ಕೀಟನಾಶಕ. ಯೂರಿಯಾ, ಪೊಟ್ಯಾಶ್, ಶಿಲಾರಂಜಕಗಳು ಗಿಡದ ಆಹಾರದ ಲವಣಗಳು. ಎರಡನ್ನೂ ಒಂದೇ ಎಂದು ತಿಳಿಯುವುದು ಸರಿಯಲ್ಲ. ಗೊಬ್ಬರದ ಹಾನಿ ಬೇರೆ ಬಗೆಯದು: ಹೆಚ್ಚು ಹಾಕಿದರೆ ಬೇರು ಸುಡುತ್ತದೆ, ಸಾರಜನಕದ ಗೊಬ್ಬರಗಳು ಹುಳಿ ಮಣ್ಣನ್ನು ಇನ್ನಷ್ಟು ಹುಳಿ ಮಾಡುತ್ತವೆ, ಮಳೆಯಲ್ಲಿ ಕೊಚ್ಚಿ ಬಾವಿ, ನೀರಿಗಾಗಿ ಗುಡ್ಡಕ್ಕೆ ಕೊರೆದ ಸುರಂಗಗಳ ನೀರಿಗೆ ಸೇರುತ್ತವೆ. ಹಟ್ಟಿ ಇರುವ ಮನೆಗೆ ಅವು ಬೇಕಾಗಿಯೇ ಇಲ್ಲ. ಹಟ್ಟಿ ಇಲ್ಲದ, ಕುಂಡಗಳಲ್ಲಿ ಬೆಳೆಸುವವರು ಚಮಚದ ಲೆಕ್ಕದಲ್ಲಿ ಬಳಸಿದರೆ ಹಾನಿಯಿಲ್ಲ. ಕೀಟನಾಶಕದ ವಿಷಯದಲ್ಲಿ ಮಾತ್ರ ನನ್ನ ಅಭಿಪ್ರಾಯ ಖಂಡಿತವಾಗಿದೆ: ಮುಡಿಯುವ, ಪೂಜೆಗೆ ಕೊಯ್ಯುವ, ಮಕ್ಕಳು ಮುಟ್ಟುವ ಹೂವಿನ ಗಿಡಕ್ಕೆ ಅಂಗಳದಲ್ಲಿ ವಿಷ ಸಿಂಪಡಿಸಬಾರದು.

ಗೊಬ್ಬರದ ಅಂಗಡಿಯಲ್ಲಿ ಹೆಸರೆಲ್ಲ ಮಲಯಾಳದಲ್ಲಿರುತ್ತದೆ. ಹೇಗೆ ಕೇಳುವುದು?

ಬೇವಿನ ಹಿಂಡಿಗೆ ವೇಪ್ಪಿನ್ ಪಿಣ್ಣಾಕ್, ನೆಲಗಡಲೆ ಹಿಂಡಿಗೆ ಕಡಲಪ್ಪಿಣ್ಣಾಕ್, ಎಲುಬಿನ ಹುಡಿಗೆ ಎಲ್ಲುಪೊಡಿ, ಸುಣ್ಣಕ್ಕೆ ಕುಮ್ಮಾಯಂ, ನಾರಿನ ಹುಡಿಗೆ ಚಗಿರಿಚ್ಚೋರ್ ಎಂದು ಕೇಳಿದರೆ ಕೊಡುತ್ತಾರೆ. ಎಲುಬಿನ ಹುಡಿ ಕೊಳ್ಳುವಾಗ ಬೇವಿನ ಹಿಂಡಿ ಬೆರೆಸಿದ ಮಿಶ್ರಣವೋ ಶುದ್ಧವೋ ಎಂದು ವಿಚಾರಿಸಿಕೊಳ್ಳಿ.

## ಒಂದೊಂದು ಗಿಡದ ವಿಚಾರ

ಮಲ್ಲಿಗೆಗೆ ಯಾವಾಗ ಕತ್ತರಿ ಹಾಕಬೇಕು, ಎಷ್ಟು ಗೊಬ್ಬರ ಕೊಡಬೇಕು?

ಮಲ್ಲಿಗೆ ಹೂ ಬಿಡುವುದು ಹೊಸ ಚಿಗುರಿನಲ್ಲಿ. ಹಾಗಾಗಿ ಸವರುವುದೂ ಗೊಬ್ಬರ ಕೊಡುವುದೂ ಒಂದೇ ಕೆಲಸದ ಎರಡು ಭಾಗಗಳು. ಮಳೆ ಪೂರ್ತಿ ಬಿಟ್ಟ ಮೇಲೆ, ನವೆಂಬರ್ ಹೊತ್ತಿಗೆ, ಒಂದು ವಾರ ನೀರು ನಿಲ್ಲಿಸಿ ಗಿಡವನ್ನು ನೆಲದಿಂದ ಒಂದೂವರೆ ಅಡಿ ಎತ್ತರಕ್ಕೆ ಸವರಬೇಕು. ಒಣಗಿದ, ರೋಗ ಹಿಡಿದ, ಒಂದಕ್ಕೊಂದು ಉಜ್ಜುವ ಗೆಲ್ಲುಗಳನ್ನು ಬುಡದಿಂದಲೇ ತೆಗೆಯಬೇಕು. ಉಳಿದ ಎಲೆಗಳನ್ನೂ ಕೈಯಿಂದ ಸವರಿ ಉದುರಿಸಿದರೆ ಚಿಗುರು ಒಟ್ಟಿಗೆ ಒಡೆಯುತ್ತದೆ. ಬುಡದಿಂದ ಒಂದಡಿ ಬಿಟ್ಟು ಸುತ್ತಲೂ ನಾಲ್ಕು ಬೆರಳು ಆಳದ ಪಾತಿ ಬಿಡಿಸಿ ಎರಡು ದಿನ ಬಿಸಿಲು ಕಾಣಿಸಿದ ಮೇಲೆ ಗೊಬ್ಬರ ತುಂಬಿ ಮಣ್ಣು ಮುಚ್ಚಿ ನೀರು ಹೊಯ್ಯಬೇಕು.

ಪ್ರಮಾಣಕ್ಕೆ ಬಂದರೆ, ತಮಿಳುನಾಡು ಕೃಷಿ ವಿಶ್ವವಿದ್ಯಾಲಯವು ಬೆಳೆದ ಮಲ್ಲಿಗೆ ಗಿಡವೊಂದಕ್ಕೆ ವರ್ಷಕ್ಕೆ 10 ಕೆ.ಜಿ. ಹಟ್ಟಿಗೊಬ್ಬರದ ಜೊತೆಗೆ 60 ಗ್ರಾಂ ಸಾರಜನಕ, 120 ಗ್ರಾಂ ರಂಜಕ, 120 ಗ್ರಾಂ ಪೊಟ್ಯಾಶ್ ಶಿಫಾರಸು ಮಾಡಿದೆ. ಇದನ್ನು ಚೀಲದ ಲೆಕ್ಕಕ್ಕೆ ಇಳಿಸಿದರೆ ಸುಮಾರು 130 ಗ್ರಾಂ ಯೂರಿಯಾ, 600 ಗ್ರಾಂ ಶಿಲಾರಂಜಕ, 200 ಗ್ರಾಂ ಮ್ಯೂರಿಯೇಟ್ ಆಫ್ ಪೊಟ್ಯಾಶ್ ಆಗುತ್ತದೆ. ಇದು ಮಾರಾಟಕ್ಕೆ ಬೆಳೆಯುವವರ ಪ್ರಮಾಣ. ದೇವರಿಗೂ ಮುಡಿಗೂ ಸಾಕಾಗುವಷ್ಟು ಬೆಳೆಯುವ ಮನೆಯಲ್ಲಿ ಹಟ್ಟಿಗೊಬ್ಬರ ಅಷ್ಟೇ ಇಟ್ಟುಕೊಂಡು ಉಳಿದುದನ್ನು ಅರ್ಧಕ್ಕೆ ಇಳಿಸಬಹುದು. ಶಿಲಾರಂಜಕವನ್ನು ಸೆಪ್ಟೆಂಬರಿನಲ್ಲಿ ಒಮ್ಮೆಗೇ ಕೊಟ್ಟು, ಯೂರಿಯಾ ಮತ್ತು ಪೊಟ್ಯಾಶನ್ನು ನವೆಂಬರ್, ಜನವರಿ, ಮಾರ್ಚ್ ಎಂದು ಮೂರು ಪಾಲು ಮಾಡುವುದು ನಮ್ಮ ಮಣ್ಣಿಗೆ ಹೊಂದುತ್ತದೆ. ಹೀಗೆ ಸವರಿದ ಗಿಡ ಫೆಬ್ರವರಿಯಿಂದ ಮೇ ತನಕ ಅಲೆ ಅಲೆಯಾಗಿ ಹೂ ಕೊಡುತ್ತದೆ. ಒಂದು ಅಲೆ ಮುಗಿದ ಕೂಡಲೇ ಹೂ ಬಿಟ್ಟ ತುದಿಗಳನ್ನು ಎರಡು ಗಣ್ಣು ಕೆಳಗೆ ಚಿವುಟಿದರೆ ಮುಂದಿನದು ಬೇಗ ಬರುತ್ತದೆ.

ಮೊಗ್ಗು ನೇರಳೆ ಬಣ್ಣಕ್ಕೆ ತಿರುಗಿ ಉದುರುತ್ತಿದ್ದರೆ ಅದು ಗೊಬ್ಬರದ ಕೊರತೆ ಎಂದು ತಿಳಿಯಬೇಡಿ. ಅಂತಹ ಒಂದು ಮೊಗ್ಗನ್ನು ಉಗುರಿನಿಂದ ಸೀಳಿದರೆ ಒಳಗೆ ಹಸಿರು ಮಿಶ್ರಿತ ಸಣ್ಣ ಹುಳ, ಪಕ್ಕದಲ್ಲಿ ಕರಿ ಹಿಕ್ಕೆ ಕಾಣಿಸುತ್ತದೆ. ಇದು ಮೊಗ್ಗು ಕೊರೆಯುವ ಹುಳ. ಕೆಟ್ಟ ಮೊಗ್ಗುಗಳನ್ನು ದಿನವೂ ಆರಿಸಿ ಸುಟ್ಟು, ಲೀಟರ್ ನೀರಿಗೆ 5 ಮಿ.ಲೀ. ಬೇವಿನೆಣ್ಣೆ ಮತ್ತು ಸ್ವಲ್ಪ ಸಾಬೂನು ಬೆರೆಸಿ ವಾರಕ್ಕೊಮ್ಮೆ ಸಂಜೆ ಸಿಂಪಡಿಸಿದರೆ ಹತೋಟಿಗೆ ಬರುತ್ತದೆ.

ದಾಸವಾಳದ ಮೊಗ್ಗು ಅರಳುವ ಮೊದಲೇ ಉದುರುತ್ತದೆ.

ಮಣ್ಣು ಒಂದು ದಿನ ಒಣಗಿ ಮರುದಿನ ತೊಯ್ದು ತೊಪ್ಪೆಯಾಗುವುದೇ ಇದಕ್ಕೆ ಸಾಮಾನ್ಯ ಕಾರಣ. ಬುಡಕ್ಕೆ ಹೊದಿಕೆ ಹಾಕಿ ತೇವ ಒಂದೇ ಮಟ್ಟದಲ್ಲಿರುವಂತೆ ನೋಡಿಕೊಳ್ಳಬೇಕು. ದಾಸವಾಳ ವರ್ಷವಿಡೀ ಹೂ ಬಿಡುವ ಗಿಡವಾದ್ದರಿಂದ ಅದಕ್ಕೆ ತಿಂಗಳು ತಿಂಗಳು ಸ್ವಲ್ಪ ಊಟ ಬೇಕು. ಪೊಟ್ಯಾಶ್ ಹೆಚ್ಚು, ರಂಜಕ ಕಡಿಮೆ ಇರುವುದು ಅದಕ್ಕೆ ಹಿತ. ಎಲುಬಿನ ಹುಡಿಯನ್ನು ಮತ್ತೆ ಮತ್ತೆ ಸುರಿದರೆ ಕಬ್ಬಿಣ ಸಿಗದೆ ಎಲೆ ಬಿಳಿಚುತ್ತದೆ. ತುದಿಯಲ್ಲಿ ಬಿಳಿ ಹತ್ತಿಯಂತಹ ಹಿಟ್ಟು ತಿಗಣೆ ಇದ್ದರೆ ಆ ತುದಿಯನ್ನೇ ಕತ್ತರಿಸಿ ತೆಗೆಯಿರಿ. ಅಲ್ಲಿಗೆ ಇರುವೆಗಳು ಹತ್ತದಂತೆ ನೋಡಿಕೊಂಡರೆ ಅರ್ಧ ಕೆಲಸ ಆದಂತೆ.

ಗುಲಾಬಿ ಪ್ರತಿ ಮಳೆಗಾಲವೂ ಸಾಯುತ್ತದೆ. ಉಳಿಸಿಕೊಳ್ಳುವುದು ಹೇಗೆ?

ಕುಂಡದಲ್ಲಿ ಬೆಳೆಸಿ, ಮೇ ಕೊನೆಗೆ ಬೆಳಕು ಬೀಳುವ ಮಾಡಿನ ಅಡಿಗೆ ಸರಿಸುವುದೇ ದಾರಿ. ನೆಲದಲ್ಲಿರುವ ಗುಲಾಬಿಯ ಎಲೆಯಲ್ಲಿ ಕಪ್ಪು ಚುಕ್ಕೆ ಎದ್ದು ಎಲೆ ಉದುರಿ, ಗೆಲ್ಲು ತುದಿಯಿಂದ ಕರಟುತ್ತ ಬರುತ್ತದೆ. ಅಕ್ಟೋಬರಿನಲ್ಲಿ ಹಸಿರು ಭಾಗದ ತನಕ ಕತ್ತರಿಸಿ, ಎರಡು ವಾರದ ಬಳಿಕ ಗೊಬ್ಬರ ಶುರು ಮಾಡಿ. ಕಸಿಗಂಟಿನ ಕೆಳಗಿನಿಂದ ಬರುವ ಚಿಗುರು ಕಾಡುಗುಲಾಬಿಯದು. ಅದನ್ನು ಬೆಳೆಯಗೊಟ್ಟರೆ ನೀವು ಕೊಟ್ಟ ಗೊಬ್ಬರವೆಲ್ಲ ಅದರ ಪಾಲಾಗುತ್ತದೆ. ಪನ್ನೀರು ಗುಲಾಬಿ ಮಾತ್ರ ಈ ಉಪಚಾರವಿಲ್ಲದೆಯೂ ಬದುಕುವ ಗಟ್ಟಿ ಗಿಡ.

ಅಬ್ಬಲಿಗೆ ಒಂದು ವರ್ಷ ಚೆನ್ನಾಗಿ ಹೂ ಕೊಟ್ಟು ಆಮೇಲೆ ಬಾಡಿ ಹೋಗುತ್ತದೆ. ಗೊಬ್ಬರ ಸಾಲದೇ?

ಗೊಬ್ಬರ ಹೆಚ್ಚಿಸುವ ಮೊದಲು ಒಂದು ಗಿಡ ಕಿತ್ತು ಬೇರು ತೊಳೆದು ನೋಡಿ. ಆರೋಗ್ಯವಂತ ಬೇರು ನೂಲಿನಂತೆ ನಯವಾಗಿರುತ್ತದೆ. ಅದರ ಮೇಲೆ ಸಾಸಿವೆಯಿಂದ ಹೆಸರುಕಾಳಿನ ಗಾತ್ರದ ಗಂಟುಗಳಿದ್ದು, ಉಗುರಿನಿಂದ ಕೆದಕಿದರೂ ಅವು ಕಳಚಿ ಬೀಳದಿದ್ದರೆ ಬೇರುಗಂಟು ಜಂತು ಸೇರಿದೆ ಎಂದು ಖಚಿತ. ಜಂತು ಗಾಯ ಮಾಡಿದ ಬೇರಿಗೆ ಸೊರಗು ರೋಗದ ಶಿಲೀಂಧ್ರವೂ ಸುಲಭವಾಗಿ ಹತ್ತುತ್ತದೆ. ಅದೇ ಜಾಗದಲ್ಲಿ ಮತ್ತೆ ಅಬ್ಬಲಿಗೆ ನೆಡಬಾರದು. ಒಂದು ಋತು ಅಲ್ಲಿ ಗೊಂಡೆ (ಚೆಂಡುಹೂ) ಬೆಳೆಸಿ, ಹೂ ಮುಗಿದ ಮೇಲೆ ಗಿಡವನ್ನು ಅಲ್ಲಿಯೇ ಮಣ್ಣಿಗೆ ಸೇರಿಸಿ. ಗೊಂಡೆಯ ಬೇರಿನ ರಾಸಾಯನಿಕಗಳು ಜಂತುಗಳನ್ನು ಕಡಿಮೆ ಮಾಡುತ್ತವೆ. ಹೊಸ ಗಿಡದ ಗುಂಡಿಗೆ ನೂರು ಗ್ರಾಂ ಬೇವಿನ ಹಿಂಡಿ ತಪ್ಪಿಸಬೇಡಿ.

ಪಾಗಾರದ ಬದಿಯ ಕೇಪಳ ಮಾತ್ರ ಹಳದಿ, ಸ್ವಲ್ಪ ದೂರದ್ದು ಹಸಿರಾಗಿದೆ. ಒಂದೇ ಗೊಬ್ಬರ ಕೊಟ್ಟದ್ದು!

ಸಿಮೆಂಟ್ ಗೋಡೆಯಿಂದ, ಗಾರೆ ಕೆಲಸದ ಉಳಿಕೆಯಿಂದ ಸುಣ್ಣ ಇಳಿದು ಅಷ್ಟು ಜಾಗದ ಮಣ್ಣಿನ ಹುಳಿ ಕಡಿಮೆಯಾಗಿದೆ. ಆಗ ಮಣ್ಣಿನಲ್ಲಿ ಕಬ್ಬಿಣವಿದ್ದರೂ ಕೇಪಳಕ್ಕೆ ಹೀರಲು ಸಾಧ್ಯವಾಗುವುದಿಲ್ಲ. ಎಳೆಯ ಎಲೆ ಹಳದಿಯಾಗಿ ನರಗಳು ಮಾತ್ರ ಹಸಿರು ಬಲೆಯ ಹಾಗೆ ಎದ್ದು ಕಾಣುತ್ತವೆ. ಬುಡದ ಗಾರೆ ಚೂರುಗಳನ್ನು ಆರಿಸಿ ತೆಗೆದು, ಕಳಿತ ತರಗೆಲೆ ಗೊಬ್ಬರ ಧಾರಾಳ ಹಾಕಿ, ಲೀಟರಿಗೆ ಎರಡು ಮೂರು ಗ್ರಾಂ ಅನ್ನಭೇದಿ (ಕಬ್ಬಿಣದ ಸಲ್ಫೇಟ್) ಕರಗಿಸಿದ ನೀರನ್ನು ಎಲೆಗೆ ಹದಿನೈದು ದಿನಕ್ಕೊಮ್ಮೆ ಎರಡು ಮೂರು ಸಲ ಸಿಂಪಡಿಸಿ. ಅಲ್ಲಿಗೆ ಬೂದಿ ಹಾಕುವ ಅಭ್ಯಾಸ ಇದ್ದರೆ ನಿಲ್ಲಿಸಿ.

ಕಾಗದದ ಹೂವಿನ ಬಳ್ಳಿ ಹಬ್ಬಿದ್ದೇ ಹಬ್ಬಿದ್ದು, ಬಣ್ಣವೇ ಇಲ್ಲ.

ಗೊಬ್ಬರ ಮತ್ತು ನೀರು ಎರಡನ್ನೂ ಕಡಿಮೆ ಮಾಡಿ. ಡಿಸೆಂಬರಿನಿಂದ ಎಲೆ ಸ್ವಲ್ಪ ಬಾಡುವ ತನಕ ಕಾದು ನೀರು ಕೊಟ್ಟರೆ ಬಣ್ಣ ತಾನಾಗಿ ಬರುತ್ತದೆ.

## ಅನುಭವಿಗಳ ಪ್ರಶ್ನೆಗಳು

ಎಲೆ ನೋಡಿ ಯಾವ ಕೊರತೆ ಎಂದು ಹೇಳಬಹುದೇ?

ಬಹುಮಟ್ಟಿಗೆ ಹೇಳಬಹುದು. ಮೊದಲು ಹಳದಿಯಾದದ್ದು ಹಳೆಯ ಎಲೆಯೋ ಎಳೆಯ ಎಲೆಯೋ ನೋಡಬೇಕು. ಸಾರಜನಕ, ಪೊಟ್ಯಾಶ್, ಮೆಗ್ನೀಷಿಯಂಗಳನ್ನು ಗಿಡ ಹಳೆಯ ಎಲೆಯಿಂದ ಹೊಸತಕ್ಕೆ ಸಾಗಿಸಬಲ್ಲದು, ಆದ್ದರಿಂದ ಅವುಗಳ ಕೊರತೆ ಕೆಳಗಿನ ಎಲೆಯಲ್ಲಿ ಮೊದಲು ಕಾಣುತ್ತದೆ. ಇಡೀ ಎಲೆ ಒಂದೇ ಸಮ ಬಿಳಿಚಿದರೆ ಸಾರಜನಕ, ಅಂಚು ಸುಟ್ಟಂತಾದರೆ ಪೊಟ್ಯಾಶ್, ನರದ ನಡುವೆ ಮಾತ್ರ ಹಳದಿಯಾದರೆ ಮೆಗ್ನೀಷಿಯಂ. ಕಬ್ಬಿಣವನ್ನು ಗಿಡ ಹೀಗೆ ಸಾಗಿಸಲಾರದು; ಅದರ ಕೊರತೆ ತುದಿಯ ಎಳೆಯ ಎಲೆಯಲ್ಲೇ ಶುರುವಾಗುತ್ತದೆ. ಕೇರಳದ ಮಣ್ಣಿನಲ್ಲಿ ಮೆಗ್ನೀಷಿಯಂ ಕೊರತೆ ವ್ಯಾಪಕವಾಗಿದ್ದು, ಮಳೆ ಬಿಟ್ಟ ಕೂಡಲೇ ಕಾಣುವ ಹಳದಿಗೆ ಹೆಚ್ಚಾಗಿ ಅದೇ ಕಾರಣ. ಲೀಟರಿಗೆ 5 ಗ್ರಾಂ ಮೆಗ್ನೀಷಿಯಂ ಸಲ್ಫೇಟ್ ಕರಗಿಸಿ ಎಲೆಗೆ ಸಿಂಪಡಿಸಿದರೆ ಎರಡು ಮೂರು ವಾರಗಳಲ್ಲಿ ವ್ಯತ್ಯಾಸ ತಿಳಿಯುತ್ತದೆ. ಬೋರಾನ್ ಕೊರತೆಯೂ ಇದೆ, ಆದರೆ ಅದು ತುಸು ಹೆಚ್ಚಾದರೂ ವಿಷವಾಗುವುದರಿಂದ ಮಣ್ಣು ಪರೀಕ್ಷೆಯಿಲ್ಲದೆ ಬೋರಾಕ್ಸ್ ಹಾಕಲೇಬಾರದು.

ಹೂಗಿಡಕ್ಕೂ ಮಣ್ಣು ಪರೀಕ್ಷೆ ಮಾಡಿಸಬೇಕೇ?

ಹತ್ತಕ್ಕಿಂತ ಹೆಚ್ಚು ಗಿಡ ಇರುವವರು ಮೂರು ವರ್ಷಕ್ಕೊಮ್ಮೆ ಮಾಡಿಸುವುದು ಒಳ್ಳೆಯದು. ನಾಲ್ಕೈದು ಕಡೆ ಅರ್ಧ ಅಡಿ ಆಳದ ಮಣ್ಣು ತೆಗೆದು ಬೆರೆಸಿ, ನೆರಳಿನಲ್ಲಿ ಒಣಗಿಸಿ ಅರ್ಧ ಕಿಲೋ ಕೊಂಡೊಯ್ಯಬೇಕು. ಪಂಚಾಯತಿನ ಕೃಷಿಭವನದಲ್ಲಿ ವಿಚಾರಿಸಿದರೆ ಎಲ್ಲಿ ಕೊಡಬೇಕೆಂದು ತಿಳಿಸುತ್ತಾರೆ. ವರದಿಯಲ್ಲಿ ಮೊದಲು ಪಿಎಚ್, ಅಂದರೆ ಮಣ್ಣಿನ ಹುಳಿಯ ಅಳತೆ, ಓದಿ. ಸಂಖ್ಯೆ ಕಡಿಮೆಯಾದಷ್ಟೂ ಹುಳಿ ಹೆಚ್ಚು. 5.5ಕ್ಕಿಂತ ಕೆಳಗಿದ್ದರೆ ಸುಣ್ಣ ಕೊಡದೆ ಬೇರೆ ಯಾವ ಗೊಬ್ಬರಕ್ಕೂ ಹಣ ಸುರಿಯಬೇಡಿ. ರಂಜಕ ಹೆಚ್ಚು ಎಂದಿದ್ದರೆ ಎರಡು ವರ್ಷ ಎಲುಬಿನ ಹುಡಿಯನ್ನೂ ಶಿಲಾರಂಜಕವನ್ನೂ ಬಿಟ್ಟುಬಿಡಿ.

ಎಪ್ರಿಲ್‌ನಲ್ಲಿ ಬಾವಿ ನೀರು ಉಪ್ಪಾಗುತ್ತದೆ. ಎಲೆಯ ಅಂಚು ಸುಡುತ್ತದೆ. ಪೊಟ್ಯಾಶ್ ಕೊಡಬೇಕೇ?

ಮ್ಯೂರಿಯೇಟ್ ಆಫ್ ಪೊಟ್ಯಾಶ್ ಕೊಟ್ಟರೆ ಕೆಡುತ್ತದೆ. ಅದರಲ್ಲಿ ಕ್ಲೋರೈಡ್ ಇರುವುದರಿಂದ ಉಪ್ಪಿನ ಮೇಲೆ ಉಪ್ಪು ಸೇರಿದಂತಾಗುತ್ತದೆ. ಚಂದ್ರಗಿರಿ, ಮೊಗ್ರಾಲ್, ಶಿರಿಯ ಹೊಳೆಗಳ ಅಳಿವೆಯ ಹತ್ತಿರದ ಮನೆಯವರು ಮಾರ್ಚ್ ನಂತರ ಅದನ್ನು ನಿಲ್ಲಿಸಿ, ಬೇಕೇಬೇಕೆಂದರೆ ಸಲ್ಫೇಟ್ ಆಫ್ ಪೊಟ್ಯಾಶ್ ಬಳಸಬೇಕು. ದಿನಾ ಚೂರು ಚೂರು ನೀರು ಹಾಕುವ ಬದಲು ಎರಡು ದಿನಕ್ಕೊಮ್ಮೆ ಬುಡ ತುಂಬ ಹಾಕಿದರೆ ಉಪ್ಪು ಬೇರಿನ ಕೆಳಕ್ಕೆ ಇಳಿಯುತ್ತದೆ. ಎಲೆಯ ಮೇಲೆ ಆ ನೀರು ಬೀಳಬಾರದು. ಅಕ್ಕಿ, ತರಕಾರಿ ತೊಳೆದ ನೀರನ್ನು ಆ ಎರಡು ತಿಂಗಳು ಮಲ್ಲಿಗೆಗೆ ಮೀಸಲಿಡಿ.

ಅಡಿಕೆಗೆ ಬಿಡುವ ಬೋರ್ಡೋ ದ್ರಾವಣವನ್ನೇ ಹೂಗಿಡಕ್ಕೂ ಬಿಡಬಹುದೇ?

ಶೇಕಡಾ ಒಂದರ ದ್ರಾವಣವನ್ನು ಮಳೆಗಾಲಕ್ಕೆ ಮೊದಲು ಒಮ್ಮೆ, ಜುಲೈ ಬಿಡುವಿನಲ್ಲಿ ಒಮ್ಮೆ, ಹೂ ಇಲ್ಲದ ಸಮಯದಲ್ಲಿ ಮಲ್ಲಿಗೆಯ ಎಲೆಚುಕ್ಕೆಗೆ ಬಿಡಬಹುದು. 10 ಗ್ರಾಂ ಮೈಲುತುತ್ತನ್ನು (ತಾಮ್ರದ ಸಲ್ಫೇಟ್) ಅರ್ಧ ಲೀಟರ್ ನೀರಿನಲ್ಲಿ, 10 ಗ್ರಾಂ ಸುಣ್ಣವನ್ನು ಇನ್ನರ್ಧ ಲೀಟರಿನಲ್ಲಿ ಪ್ಲಾಸ್ಟಿಕ್ ಪಾತ್ರೆಗಳಲ್ಲಿ ಬೇರೆ ಬೇರೆ ಕರಗಿಸಿ, ತುತ್ತಿನ ನೀರನ್ನು ಸುಣ್ಣದ ನೀರಿಗೆ ಕಲಕುತ್ತ ಹೊಯ್ಯಬೇಕು. ಉಜ್ಜಿ ಹೊಳಪು ಮಾಡಿದ ಕತ್ತಿಯ ಅಲಗನ್ನು ಒಂದು ನಿಮಿಷ ಅದ್ದಿ ತೆಗೆದಾಗ ತಾಮ್ರದ ಕೆಂಪು ಹತ್ತಿದ್ದರೆ ಇನ್ನಷ್ಟು ಸುಣ್ಣ ಬೇಕು. ಗುಲಾಬಿಯ ಎಳೆ ಚಿಗುರಿಗೆ ಇದು ಉರಿಯಾಗುತ್ತದೆ. ಮಾಡಿದ ದಿನವೇ ಮುಗಿಸಬೇಕು, ಉಳಿದದ್ದನ್ನು ಬಾವಿಯ ಹತ್ತಿರ ಚೆಲ್ಲಬಾರದು. ಪದೇ ಪದೇ ಬಿಟ್ಟರೆ ತಾಮ್ರ ಮಣ್ಣಿನಲ್ಲಿ ಉಳಿದು ಎರೆಹುಳಗಳಿಗೆ ಕೇಡು.

ಅಜ್ಜಿ ನೆಟ್ಟ ಮಲ್ಲಿಗೆ, ಹನ್ನೆರಡು ಹದಿನೈದು ವರ್ಷವಾಯಿತು. ಗೊಬ್ಬರ ಹೆಚ್ಚಿಸಿದರೆ ಮೊದಲಿನಂತೆ ಹೂ ಬಂದೀತೇ?

ಗೊಬ್ಬರ ಹೆಚ್ಚಿಸುವುದರಿಂದ ಬಾರದು. ದಪ್ಪವಾದ ಹಳೆಯ ಕಾಂಡದಲ್ಲಿ ಹೂ ಕೊಡುವ ಎಳೆ ಚಿಗುರು ಕಡಿಮೆ. ಈ ವರ್ಷ ಮೂರರಲ್ಲೊಂದು ಪಾಲು ಹಳೆಯ ಕಾಂಡಗಳನ್ನು ನೆಲಮಟ್ಟಕ್ಕೆ ಕಡಿದು, ಮುಂದಿನ ಎರಡು ವರ್ಷಗಳಲ್ಲಿ ಉಳಿದವನ್ನು ಹಾಗೆಯೇ ತೆಗೆದರೆ ಬುಡದಿಂದ ಹೊಸ ಗೆಲ್ಲು ಏಳುತ್ತವೆ. ಜೊತೆಗೆ, ಅದೇ ಗಿಡದ ಸಂತಾನವನ್ನು ಉಳಿಸಿಕೊಳ್ಳಲು ಜೂನ್‌ನಲ್ಲಿ ಒಂದು ಉದ್ದ ಗೆಲ್ಲನ್ನು ಬಗ್ಗಿಸಿ, ಗಣ್ಣಿನ ಕೆಳಭಾಗದ ಸಿಪ್ಪೆಯನ್ನು ತುಸು ಕೆರೆದು, ಮಣ್ಣಿನಲ್ಲಿ ಹೂತು ಮೇಲೊಂದು ಮುರಕಲ್ಲಿನ ತುಂಡು ಇಡಿ. ಸೆಪ್ಟೆಂಬರ್ ಹೊತ್ತಿಗೆ ಬೇರು ಬಂದಿರುತ್ತದೆ. ತಾಯಿಗಿಡದಿಂದ ಕತ್ತರಿಸಿ, ಹದಿನೈದು ದಿನ ಅಲ್ಲಿಯೇ ಬಿಟ್ಟು, ಆಮೇಲೆ ಕಿತ್ತು ಬೇರೆ ಜಾಗದಲ್ಲಿ ನೆಡಬಹುದು.